ಆರನೆಯ ಹಾಡು

ಮೊನ್ನೆ ನಂಜನಗೂಡಿನಲ್ಲಿ ನನ್ನ ಹಳೆಯ ರೇಡಿಯೊಗೆ ಬೆಸುಗೆ ಹಾಕಿಸುತ್ತಿದ್ದೆ. ಆ ಸುಟ್ಟ ಹೊಗೆ ಮೂಗಿಗೆ ಬಡಿದದ್ದೇ, ಟಿ. ನರಸೀಪುರದ ನಮ್ಮ ಬೀದಿಯ ಮೊಬೈಲ್ ರಿಪೇರಿಯವನು ನೆನಪಾದ...

ನನ್ನ ಹಳೆಯ ಶಿಷ್ಯ. ರಿಪೇರಿಯ ನಡುವೆ ಒಂಬತ್ತು ರ‍್ಯಾಪ್ ಹಾಡುಗಳ ಆಲ್ಬಂ ಮಾಡಿದ್ದ. ರ‍್ಯಾಪ್ ಎಂದರೆ ತಾಳ ತಪ್ಪದಂತೆ ಜಗಳವಾಡುವುದು ಎಂಬುದು ನಿವೃತ್ತ ಕನ್ನಡ ಮೇಷ್ಟರಾದ ನನ್ನ ಘನ ಅಭಿಪ್ರಾಯ. ಅದನ್ನು ಯಾರೂ ನನ್ನಲ್ಲಿ ಕೇಳಿರಲಿಲ್ಲ, ಅದು ಬೇರೆ ಮಾತು. ಚೆನ್ನಾಗಿರುವ ಒಂದನ್ನು ಹಾಕು ಎಂದೆ.

“ಮಧ್ಯದಿಂದ ಕೇಳಂಗಿಲ್ಲ ಸಾ. ಅದು ನಮ್ ಬೀದಿ. ಈ ತುದಿಯಿಂದ ನಡ್ಕಂಡೇ ಓಗ್ಬೇಕು.”

ನಡೆದೆ. ಮೊದಲ ಹಾಡಿಗೆ ಶಟರ್‌ಗಳದೇ ತಾಳ. ಹೊಡೆದಾಟ ಶುರುವಾದರೆ ಅಂಗಡಿಗಳು ಒಂದೊಂದಾಗಿ ಶಟರ್ ಎಳೆಯುತ್ತಿದ್ದವು. ಮಚ್ಚು ಯಾವ ಕಡೆಯಿಂದ ಬರುತ್ತಿದೆ ಎಂದು ಮಕ್ಕಳು ಆ ಸದ್ದಿನಿಂದಲೇ ತಿಳಿಯುತ್ತಿದ್ದರಂತೆ. ಅದೇ ವರ್ಷಗಳಲ್ಲಿ ನಾನು ಅವರಿಗೆ ಛಂದಸ್ಸು ಕಲಿಸುತ್ತಿದ್ದೆ... ಐದನೆಯದರಲ್ಲಿ ಅವನ ಅಣ್ಣನ ಕೊಲೆ. ಆರನೆಯದು ಕೊಂದವನೇ ಹೇಳಿಕೊಳ್ಳುವಂತೆ ಇವನು ಕಟ್ಟಿದ್ದು. ಕೈ ತೊಳೆಯುತ್ತ ಅಳುತ್ತಾನೆ. ಅಂಥದ್ದೊಂದು ಪದ್ಯವನ್ನು ನಾನು ಯಾವ ತರಗತಿಗೂ ಪಾಠ ಮಾಡಿರಲಿಲ್ಲ.

ಆ ವರ್ಷದ ಪಿತೃಪಕ್ಷದಲ್ಲಿ ನನ್ನನ್ನೂ ಮನೆಗೆ ಕರೆದು, ಅಣ್ಣನ ಫೋಟೋದ ಮುಂದೆ ಎಡೆ ಇಟ್ಟ. ಮಾಂಸದ ಸಾರು, ಬೀಡಿ, ಪಕ್ಕದಲ್ಲಿ ಸ್ಪೀಕರ್. ಸತ್ತವರಿಗೆ ಇಷ್ಟವಾದದ್ದನ್ನು ಬಡಿಸುವುದು ಪದ್ಧತಿ, ಹಾಡು ಕೇಳಿಸುವುದು ಅವನ ತಿದ್ದುಪಡಿ. ಆರನೆಯ ಹಾಡಿನ ಹೊತ್ತಿಗೆ, ಜೈಲಿನಿಂದ ಬಂದು ತಿಂಗಳಾಗಿದ್ದ ಆ ಕೊಂದವನೇ ಬಾಗಿಲಿಗೆ ಬಂದು ನಿಂತ. ಹೇಳಿ ಕಳಿಸಿದ್ದು ರಿಪೇರಿಯವನೇ ಎಂದು ನೆಂಟರಿಗೆ ಗೊತ್ತಿರಲಿಲ್ಲ. ಒಬ್ಬ ಮಾಂಸ ಕೊಯ್ದ ಕತ್ತಿಯ ಕಡೆ ನೋಡಿದ. ಅದು ನನ್ನ ಕಾಲ ಬಳಿಯಿತ್ತು. ಶಲ್ಯವನ್ನು ಅದರ ಮೇಲೆ ಜಾರಿಸಿದೆ. ಜೀವಮಾನದಲ್ಲಿ ನಾನು ಮೆರೆದ ಶೌರ್ಯ ಒಟ್ಟು ಇಷ್ಟೆ.

“ನಾ ಅವತ್ತು ಅಳ್ನಿಲ್ಲ ಕಣ್ಲಾ. ತೆಗ್ದಾಕು ಅದ್ನ,” ಎಂದ ಬಾಗಿಲಲ್ಲಿದ್ದವನು.

ರಿಪೇರಿಯವನು ಹಾಡು ನಿಲ್ಲಿಸಲಿಲ್ಲ. “ನೀ ಅತ್ತೆ ಅಂತ ಬರ್ಕಂಡಿವ್ನಿ. ಇಲ್ದಿದ್ರೆ ನಿನ್ನ ಒಳೀಕೆ ಬಾ ಅನ್ನಕ್ಕೆ ನನ್ ಕೈಲಾಯ್ತಿರ್ನಿಲ್ಲ. ಕೂತ್ಕ. ಇನ್ನೂ ಮೂರವೆ.”

ಅವನು ಕೂರಲಿಲ್ಲ. ಹೊಸ್ತಿಲಾಚೆ ನಿಂತೇ ಮೂರೂ ಕೇಳಿ, ಊಟಕ್ಕೆ ಎಲೆ ಹಾಕುವ ಮೊದಲೇ ಹೊರಟುಹೋದ.

ಮಚ್ಚಿನಿಂದ ತಪ್ಪಿಸಿಕೊಂಡಿದ್ದ ರಿಪೇರಿಯವನು ಕೊನೆಗೆ ಕಾಮಾಲೆಗೆ ಸಿಕ್ಕಿದ... ಈ ವರ್ಷ ಆ ಮನೆಯಲ್ಲಿ ಎರಡು ಫೋಟೋಗಳಿಗೆ ಎಡೆ. ಅವನ ತಾಯಿ ಹಾಡು ಹಾಕಿಸಿದರು. ಜೈಲಿನಿಂದ ಬಂದವನು ಈ ಸಲ ಒಳಗೇ, ನನ್ನ ಹಿಂದೆ ಕೂತಿದ್ದ. ಅಳುವ ಸಾಲು ಬಂತು, ತೆಗೆ ಅನ್ನಲಿಲ್ಲ. ಅಳುತ್ತಿದ್ದಾನೆಯೇ ಎಂದು ತಿರುಗಿ ನೋಡಲು ನನಗೆ ಧೈರ್ಯವಾಗಲಿಲ್ಲ. ನೋಡಬೇಕಾಗಿದ್ದವನು, ಆ ಸಾಲು ಬರೆದವನು, ಫೋಟೋದಲ್ಲಿದ್ದ.