ಲೋಡ್ ಆಗದ ಮಾತು

ಹೊಸಹಳ್ಳಿ ಮೆಟ್ರೋ ಸ್ಟೇಷನ್ನಿನಿಂದ ಏಳು ನಿಮಿಷ ನಡೆದರೆ ನಮ್ಮ ಮನೆ. ಕೆಳಗಿನ ಮನೆಯಲ್ಲಿ ನಾನು, ನನ್ನ ಹೆಂಡತಿ. ಇಬ್ಬರಿಗೂ ಕಣ್ಣು ಕಾಣುವುದಿಲ್ಲ. ಅವಳು ಬ್ಯಾಂಕಿಗೆ ಹೋಗುತ್ತಾಳೆ, ನಾನು ಕಾಲೇಜೊಂದರಲ್ಲಿ ಇತಿಹಾಸ ಪಾಠ ಮಾಡುತ್ತೇನೆ. ನನ್ನ ಲ್ಯಾಪ್‌ಟಾಪಿನಲ್ಲಿ ಪರದೆಯ ಮೇಲಿದ್ದದ್ದನ್ನೆಲ್ಲ ಗಟ್ಟಿಯಾಗಿ ಓದಿ ಹೇಳುವ ಸ್ಕ್ರೀನ್ ರೀಡರ್ ಇದೆ. ಮಕ್ಕಳು ಬರೆದು ಕಳಿಸುವ ಪ್ರಬಂಧಗಳನ್ನು ನಾನು ಓದುವುದು ಅದರಿಂದಲೇ.

ಕೆಲವು ತಿಂಗಳ ಹಿಂದೆ ಒಂದು ಬೆಳಗ್ಗೆ, ಹೊಸ ಆವೃತ್ತಿ ಬಂದಿದೆ, ಹಾಕಿಕೊಳ್ಳಲೇ ಎಂದು ಅದು ಕೇಳಿತು. ಹೊರಗಿನಿಂದ ಸೇರಿಸಿದ ಹಳೆಯ ಕೆಲವು ಜೋಡಣೆಗಳು ಕೆಲಸ ಮಾಡದೆ ಹೋಗಬಹುದು ಎಂದೂ ಹೇಳಿತು. ಕೇಳಿಸಿಕೊಂಡೆ. ಆದರೆ ಮೊದಲ ಕ್ಲಾಸಿಗೆ ಹೊತ್ತಾಗಿತ್ತು, ಒಂದು ಕಾಲಿಗೆ ಶೂ ಹಾಕಿಯಾಗಿತ್ತು. ಎಂಟರ್ ಒತ್ತಿ ಹೊರಟುಬಿಟ್ಟೆ.

ಮಧ್ಯಾಹ್ನ ಬಂದು ತೆರೆದರೆ ಸದ್ದೇ ಇಲ್ಲ. ಒಳಗಿನ ಫ್ಯಾನು ತಿರುಗುತ್ತಿತ್ತು, ಹಾಗಾಗಿ ಯಂತ್ರ ಕೆಟ್ಟಿಲ್ಲ. ಇಯರ್‌ಫೋನ್ ಕಿತ್ತು ನೋಡಿದೆ, ಆಫ್ ಮಾಡಿ ಮತ್ತೆ ಆನ್ ಮಾಡಿದೆ. ಫೋನಿನ ಕ್ಯಾಮೆರಾವನ್ನು ಪರದೆಗೆ ಹಿಡಿದೆ. ‘ಮೇಜಿನ ಮೇಲೆ ಒಂದು ಲ್ಯಾಪ್‌ಟಾಪ್ ಇದೆ’ ಎಂದಿತು ಫೋನು. ಅಷ್ಟು ನನಗೂ ಗೊತ್ತಿತ್ತು.

ಹೆಂಡತಿ ಇದ್ದರೂ ಪ್ರಯೋಜನವಿರಲಿಲ್ಲ. ಮೇಲಿನ ಮನೆಯ ಆಂಟಿಯನ್ನು ಕರೆದೆ. ಹೈಸ್ಕೂಲಿನಲ್ಲಿ ವಿಜ್ಞಾನ ಹೇಳಿಕೊಡುತ್ತಿದ್ದು ನಿವೃತ್ತರಾದವರು. ಒಲೆ ಆರಿಸಿ ಇಳಿದು ಬಂದರು, ಕನ್ನಡಕ ಮರೆತು ಬಂದಿದ್ದರಿಂದ ಮತ್ತೆ ಹತ್ತಿ ಹೋಗಿ ತಂದರು.

“ಒಂದು ಸಣ್ಣ ಡಬ್ಬಿ ಥರ ಬಂದಿದೆ ಕಣಪ್ಪ. ಇಂಗ್ಲಿಷಲ್ಲಿದೆ. ಎಂ, ಎ, ಎ, ಟಿ, ಎಚ್, ಯು. ಒಂದು ಚುಕ್ಕಿ. ಆಮೇಲೆ ಡಿ, ಎಲ್, ಎಲ್.”

“ಮುಂದೆ ಆಂಟಿ?”

“ಲೋಡ್ ಆಗ್ಲಿಲ್ಲ ಅಂತ. ಮಾತು ಅಂತಾನಾ ಇದು? ಮಾತು ಲೋಡ್ ಆಗ್ಲಿಲ್ಲ ಅಂತ ಬರ್ದಿದಾರಲ್ಲಪ್ಪ!” ನಕ್ಕರು. “ಕೆಳಗೆ ಓಕೆ ಅಂತಿದೆ. ಒತ್ಲಾ?”

“ಒತ್ತಿ” ಎಂದೆ. ನಗಲು ನನಗಾಗಲಿಲ್ಲ. ಆ ಡಬ್ಬಿಯನ್ನು ಅಲ್ಲಿಟ್ಟವನು ನಾನೇ. ವರ್ಷಗಳ ಹಿಂದೆ, ಮಾತು ಕೈಕೊಟ್ಟರೆ ಪರದೆಯ ಮೇಲೆ ಹೀಗೊಂದು ಸಂದೇಶ ತೋರಿಸಬೇಕು ಎಂದು ನಾನೇ ಬರೆದಿದ್ದೆ. ಅದನ್ನು ಯಾರು ಓದುತ್ತಾರೆ ಎಂದು ಆಗ ಯೋಚಿಸಿರಲಿಲ್ಲ.

‘ಮಾತು’ ನನ್ನ ಗೆಳೆಯನೊಬ್ಬ ಮಾಡಿಕೊಟ್ಟ ಫೈಲು. ನಾನು ಎಂ.ಎ. ಓದುವಾಗ ಪುಸ್ತಕ ಓದಿ ಹೇಳಲು ಬರುತ್ತಿದ್ದವನು ಅವನು. ರಾಜಾಜಿನಗರದ ಒಂದು ಕಾರ್ಖಾನೆಯಲ್ಲಿ ಯಂತ್ರಗಳಿಗೆ ಪ್ರೋಗ್ರಾಂ ಬರೆಯುವ ಕೆಲಸ. ಶಿಫ್ಟ್ ಮುಗಿಸಿ ನೇರ ನನ್ನ ರೂಮಿಗೆ ಬಂದು ಗಂಟಲು ಕಟ್ಟುವವರೆಗೆ ಓದುತ್ತಿದ್ದ. ಮುಂದೆ ನನಗೆ ಸ್ಕ್ರೀನ್ ರೀಡರ್ ಬಂತು, ಆದರೆ ಅದು ಕನ್ನಡವನ್ನು ಓದುತ್ತಿದ್ದ ರೀತಿಗೆ ಅವನು ಹಣೆ ಚಚ್ಚಿಕೊಂಡ. “ಮಗಾ, ಇದು ಕನ್ನಡ ಅಲ್ಲ, ಕೊಲೆ” ಎಂದ. ಅಲ್ಲಿಂದ ಶುರುವಾಯಿತು.

ಸ್ಕ್ರೀನ್ ರೀಡರ್ ಪೈಥಾನ್ ಎಂಬ ಸುಲಭದ ಭಾಷೆಯಲ್ಲಿತ್ತು. ಅದನ್ನು ನಾನು ಕಲಿತೆ. ದನಿ ಹುಟ್ಟಿಸುವ ಎಂಜಿನ್ನು ಮಾತ್ರ ಯಂತ್ರದ ಮಟ್ಟದಲ್ಲೇ ಓಡಬೇಕು, ಇಲ್ಲದಿದ್ದರೆ ತಡವರಿಸುತ್ತದೆ. ಅದನ್ನು ಅವನು ಬರೆದು ಒಂದೇ ಫೈಲಿನಲ್ಲಿ ಅಡಕ ಮಾಡಿದ. ಅವನ ಫೈಲನ್ನು ರೀಡರಿಗೆ ಜೋಡಿಸುವ ನಾಲ್ಕು ಪುಟದ ಪೈಥಾನು ನನ್ನದು. ನಾನು ಪದ ಕಳಿಸುತ್ತೇನೆ, ಅವನ ಫೈಲು ದನಿ ಕೊಡುತ್ತದೆ. ಎರಡು ವರ್ಷದ ಭಾನುವಾರಗಳು ಇದಕ್ಕೇ ಹೋದವು. ‘ಳ’ ಸರಿಯಾಗಿ ಹೊರಡುವುದಕ್ಕೇ ಒಂದು ತಿಂಗಳು ಹಿಡಿಯಿತು. ಕೊನೆಗೆ ಬಂದ ದನಿ ಒರಟು, ನೆಗಡಿಯಾದವರ ಹಾಗೆ. ಆದರೆ ಎಷ್ಟು ವೇಗಕ್ಕೆ ಇಟ್ಟರೂ ಅಕ್ಷರ ನುಂಗುತ್ತಿರಲಿಲ್ಲ. ಬೇರೆಯವರಿಗೆ ಜೇನುಹುಳದ ಗುಂಯ್ ಅನ್ನಿಸುವ ವೇಗದಲ್ಲಿ ನಾನು ಪುಟ ಓದುತ್ತಿದ್ದೆ. ಮಕ್ಕಳು ಒತ್ತಕ್ಷರ ತಪ್ಪಿದರೂ ಹಿಡಿಯುತ್ತಿದ್ದೆ.

“ನಾನು ಬರ್ದಿರೋ ಕೋಡಿಂದು ಒಂದು ಕಾಪಿ ನಿನ್ ಹತ್ರ ಇಟ್ಕೋ” ಎಂದು ಅವನು ಎರಡು ಮೂರು ಸಲ ಹೇಳಿದ್ದ. “ಇರ್ಲಿ ಬಿಡು ಗುರು, ನೀನಿದೀಯಲ್ಲ” ಎಂದಿದ್ದೆ.

ಎರಡು ವರ್ಷದ ಹಿಂದೆ ಅವನು ಕಾಯಿಲೆಯಿಂದ ತೀರಿಕೊಂಡ.

ಈಗ ಆದದ್ದಿಷ್ಟು. ಹೊಸ ರೀಡರನ್ನು ಅರವತ್ನಾಲ್ಕು ಬಿಟ್‌ನ ಯಂತ್ರಗಳಿಗೆಂದು ಹೊಸದಾಗಿ ಕಟ್ಟಿದ್ದಾರೆ. ಗೆಳೆಯನ ಫೈಲು ಹಿಂದಿನ ಕಾಲದ ಮೂವತ್ತೆರಡು ಬಿಟ್‌ನದು. ಹಾಗಾಗಿ ಅದು ಇದರೊಳಗೆ ಬರಲಾರದು. ನನ್ನ ನಾಲ್ಕು ಪುಟ ತಿದ್ದಲು ಒಂದು ಮಧ್ಯಾಹ್ನ ಸಾಕು. ಅವನದನ್ನು ತಿದ್ದಬೇಕಾದರೆ ಅವನು ಬರೆದ ಮೂಲ ಕೋಡು ಬೇಕು. ಅದು ನನ್ನಲ್ಲಿಲ್ಲ. ಇರುವುದು ಯಂತ್ರಕ್ಕಷ್ಟೇ ಅರ್ಥವಾಗುವ, ಮುಗಿದುಹೋದ ಫೈಲು.

ಓಕೆ ಒತ್ತಿದ ಮೇಲೆ ರೀಡರು ತನ್ನದೇ ಇಂಗ್ಲಿಷ್ ದನಿಗೆ ಇಳಿದಿತ್ತು. ಅದರ ಸಹಾಯದಿಂದ ಹಳೆಯ ಆವೃತ್ತಿಯನ್ನು ಮತ್ತೆ ಹಾಕಿಕೊಂಡೆ. ಮಾತು ಬಂತು. ಖುಷಿಯಿಂದ ಕಾಲೇಜಿನ ವೆಬ್‌ಸೈಟ್ ತೆರೆದರೆ ಯಂತ್ರ ಅಲ್ಲೇ ನಿಂತುಬಿಟ್ಟಿತು. ವೆಬ್‌ಸೈಟೂ ಬದಲಾಗಿತ್ತು, ಅದಕ್ಕೆ ಹೊಸ ರೀಡರೇ ಬೇಕು. ಪ್ರಬಂಧಗಳೆಲ್ಲ ಇದ್ದದ್ದು ಅದರೊಳಗೆ, ಹೊರಗೆ ತೆಗೆದುಕೊಳ್ಳಲು ಬರುತ್ತಿರಲಿಲ್ಲ. ಹೊಸದನ್ನು ಹಾಕಿದರೆ ಪ್ರಬಂಧ ತೆರೆಯುತ್ತಿತ್ತು, ಆದರೆ ಆ ಇಂಗ್ಲಿಷ್ ದನಿ ಕನ್ನಡದ ಸಾಲು ಸಾಲಿಗೂ ‘ಬ್ಲ್ಯಾಂಕ್’ ಎನ್ನುತ್ತಿತ್ತು. ಮೂರು ದಿನ ಹಾಕಿದೆ, ತೆಗೆದೆ, ಹಾಕಿದೆ. ಹೆಂಡತಿ ಕೊನೆಗೆ, “ಬಿಟ್ಬಿಡಿ ಅಂತ ಹೇಳಲ್ಲ. ಊಟ ಮಾಡಿ ಆಮೇಲೆ ನೋಡಿ” ಎಂದಳು.

ಅವನ ಲ್ಯಾಪ್‌ಟಾಪಿನಲ್ಲಿ ಮೂಲ ಇರಲೇಬೇಕು. ಶನಿವಾರ ಅವನ ಹೆಂಡತಿಗೆ ಫೋನ್ ಮಾಡಿ ಕೆಂಗೇರಿಗೆ ಹೋದೆ. ಅವರು ಸ್ಟೇಷನ್ನಿನ ಗೇಟಿಗೇ ಬಂದು ಕಾದಿದ್ದರು. ಆಟೋದಲ್ಲಿ ಮಗಳ ಪಿಯುಸಿ, ಮನೆಗೆ ಬಳಿಸಿದ ಬಣ್ಣ, ಏನೇನೋ ಹೇಳಿದರು. ಫೋನಿನಲ್ಲಿ ನಾನು ಸುಮ್ಮನೆ ಬರ್ತೀನಿ ಅಂದಿದ್ದೆ. ವಿಷಯ ಹೇಳುವ ಧೈರ್ಯ ಬಂದದ್ದು ಕಾಫಿ ಕುಡಿದ ಮೇಲೆ.

“ಅವ್ರ ಲ್ಯಾಪ್‌ಟಾಪಾ?” ಎಂದರು. “ಇದೆ. ಆದ್ರೆ ಮಗಳ ಕಾಲೇಜಿಗೆ ಬೇಕಿತ್ತಲ್ಲ, ಅಂಗಡೀಲಿ ಕೊಟ್ಟು ಕ್ಲೀನ್ ಮಾಡಿಸ್ದೆ. ತುಂಬಾ ನಿಧಾನ ಇತ್ತು. ಒಳಗಿರೋದು ಏನಾದ್ರೂ ಬೇಕಾ ಮೇಡಂ ಅಂತ ಕೇಳಿದ್ರು. ಫೋಟೋ ಮಾತ್ರ ಸಾಕು ಅಂದೆ.”

ನಾನು ಲೋಟವನ್ನು ಟೀಪಾಯಿಯ ಮೇಲೆ ಇಟ್ಟೆ. ಅಂಚಿಗಿಟ್ಟಿರಬೇಕು, ಅವರು ಹಿಡಿದುಕೊಂಡು ಒಳಕ್ಕೆ ಸರಿಸಿದ್ದು ಕೇಳಿಸಿತು.

“ಅದ್ರಲ್ಲಿ ನಿಮ್ದೇನಾದ್ರೂ ಇತ್ತಾ?”

“ಏನಿಲ್ಲ. ಒಂದು ಹಳೇ ಫೈಲು.”

“ಆ ಮಾತಾಡೋದಾ?”

ಇನ್ನು ಸುಳ್ಳು ಹೇಳಲಾಗಲಿಲ್ಲ. ಹೌದು ಎಂದೆ.

“ಅಯ್ಯೋ ದೇವ್ರೇ. ಒಂದು ಮಾತು ನಿಮ್ಮನ್ನ ಕೇಳ್ಬೇಕಿತ್ತು ನಾನು. ಭಾನುವಾರ ಪೂರ್ತಿ ಆ ರೂಮಿಂದ ಅದೇ ದನಿ. ಊಟಕ್ಕೆ ಕರೆದ್ರೆ, ‘ಳ ಬರ್ತಿಲ್ಲ ಕಣೇ, ಇರು’ ಅನ್ನೋರು. ನಂಗೆ ಎಷ್ಟು ಸಿಟ್ಟು ಬರ್ತಿತ್ತು ಗೊತ್ತಾ? ಅದು ಇದ್ರೊಳಗೇ ಇದೆ ಅಂತ ಹೊಳೀಲೇ ಇಲ್ಲ ನಂಗೆ.”

ಅಂಗಡಿಗೆ ಫೋನ್ ಮಾಡಿದರು. ಡಿಸ್ಕನ್ನೇ ಬದಲಾಯಿಸಿದ್ದರಂತೆ, ಹಳೆಯದನ್ನು ಆಗಲೇ ಎಸೆದಾಗಿತ್ತು. ಫೋನಿಟ್ಟು ಅವರು ಅತ್ತರು. ನಾನು ಅವರನ್ನು ಸಮಾಧಾನ ಮಾಡುತ್ತ ಕೂತೆ. ಹೊಸ ದನಿಗಳು ಬಂದಿವೆ, ಇನ್ನೂ ಚೆನ್ನಾಗಿವೆ, ಇದು ಹೇಗೂ ಹಳೆಯದಾಗಿತ್ತು ಅಂದೆ. ಅವರು ನಂಬಲಿಲ್ಲ, ಆದರೂ ಹೂಂ ಎಂದರು. ಹೊರಡುವಾಗ ಡಬ್ಬಿಗೆ ಚಕ್ಕುಲಿ ಹಾಕಿ ಕೊಟ್ಟರು. ಸ್ಟೇಷನ್ನಿನವರೆಗೆ ಬರುತ್ತೇನೆಂದರು, ಬೇಡ ಎಂದರೂ ಬಂದರು.

ಅಂಧ ಬಳಕೆದಾರರ ಒಂದು ಇಮೇಲ್ ಬಳಗಕ್ಕೆ ಎಲ್ಲವನ್ನೂ ಬರೆದು ಕಳಿಸಿದೆ. ಗುರುತಿಲ್ಲದವರೊಬ್ಬರು ಉತ್ತರಿಸಿದರು: ಹಳೆಯ ಫೈಲನ್ನು ಬೇರೆಯದೇ ಪ್ರೋಗ್ರಾಮಿನಲ್ಲಿ ಓಡಿಸಿ, ನಡುವೆ ದುಭಾಷಿಯಂತೆ ಇನ್ನೊಂದನ್ನು ಇಡಬಹುದು, ಬಿಡುವಾದಾಗ ನೋಡುತ್ತೇನೆ ಎಂದು. ನಾನೇ ಮಾಡಲು ಹೋದೆ. ದನಿ ತುಂಡು ತುಂಡಾಗಿ ಬಂತು, ಒಂದು ಪದಕ್ಕೂ ಇನ್ನೊಂದಕ್ಕೂ ನಡುವೆ ಉಸಿರು ಕಟ್ಟಿದಂತೆ ನಿಲ್ಲುತ್ತಿತ್ತು. ಎಲ್ಲಿ ಸಿಕ್ಕಿಕೊಳ್ಳುತ್ತಿದೆಯೆಂದು ತಿಳಿಯಲು ಅವನ ಫೈಲಿನ ಒಳಗೆ ನೋಡಬೇಕು, ನೋಡಲಾಗುವುದಿಲ್ಲ. ಆ ಪುಣ್ಯಾತ್ಮರಿಂದ ಮತ್ತೆ ಸುದ್ದಿ ಬಂದಿಲ್ಲ. ನಾನೂ ನೆನಪಿಸಿಲ್ಲ. ಅವರಿಗೂ ಅವರದೇ ಕೆಲಸವಿರುತ್ತದೆ.

ಸದ್ಯ ಕಾಲೇಜಿನ ವೆಬ್‌ಸೈಟನ್ನು ಫೋನಿನಲ್ಲೇ ತೆರೆದು ಪ್ರಬಂಧಗಳನ್ನು ಕೇಳುತ್ತೇನೆ. ಹೆಂಗಸಿನ ನುಣುಪು ದನಿ, ಸುದ್ದಿ ಓದುವವರ ಹಾಗೆ. ವೇಗ ಹೆಚ್ಚಿಸಿದರೆ ಪದಗಳ ಕೊನೆ ತಿಂದುಹಾಕುತ್ತದೆ. ತಪ್ಪು ಬರೆದದ್ದನ್ನೂ ಸರಿಮಾಡಿಕೊಂಡು ಓದಿಬಿಡುತ್ತದೆ. ಮೊನ್ನೆ ಕ್ಲಾಸು ಮುಗಿದ ಮೇಲೆ ಒಬ್ಬ ವಿದ್ಯಾರ್ಥಿನಿ ಬಂದು, “ಸಾರ್, ಈ ಸಲ ನಂದ್ರಲ್ಲಿ ಎಷ್ಟು ತಪ್ಪಿದೆ?” ಎಂದು ಕೇಳಿದಳು.

“ಗೊತ್ತಾಗ್ಲಿಲ್ಲಮ್ಮ” ಎಂದೆ. ತಮಾಷೆ ಮಾಡುತ್ತಿದ್ದೇನೆಂದುಕೊಂಡು ಅವಳು, “ಹೇಳಿ ಸಾರ್” ಎಂದು ನಕ್ಕಳು.