ಹೆಂಡತಿಯ ಬೀಗದಕೈ ಗೊಂಚಲು

ಸಿನಿಮಾದವರು ಅವನನ್ನು ಕಿವಿರಾಯ ಎಂದೇ ಕರೆಯುತ್ತಿದ್ದರು. ಚಿತ್ರಕ್ಕೆ ಸಂಗೀತ ಕೂಡಿಸುವವನೂ ಅವನೇ, ಬಾಗಿಲ ಕಿರುಗುಟ್ಟುವಿಕೆಯಿಂದ ಹಿಡಿದು ಹೆಜ್ಜೆ ಸಪ್ಪಳದವರೆಗೆ ಸದ್ದು ಹುಟ್ಟಿಸುವವನೂ ಅವನೇ. ಖಳನಾಯಕನ ಮೂಳೆ ಮುರಿಯುವ ಸದ್ದಿಗೆಂದು ಮನೆಯ ಮೂಲಂಗಿ ಎತ್ತಿಕೊಂಡು ಹೋದನೆಂದರೆ ಅಂದು ಅಡುಗೆಗೆ ತರಕಾರಿಯಿಲ್ಲವೆಂದೇ ಲೆಕ್ಕ.

ಬೀಗ ತೆಗೆಯುವ ಸದ್ದು ಮಾತ್ರ ಇಪ್ಪತ್ತಾರು ವರ್ಷಗಳಿಂದ ಒಂದೇ. ಅದು ಅವನ ಹೆಂಡತಿಯ ಗೊಂಚಲಿನಿಂದ ಹಿಡಿದಿಟ್ಟದ್ದು. ಅವಳು ಗ್ರಂಥಾಲಯದವಳು, ಕಪಾಟುಗಳದ್ದೇ ಹನ್ನೊಂದು ಬೀಗದಕೈ. ಸಂಜೆ ಮೆಟ್ಟಿಲ ಬುಡದಲ್ಲಿ ಗೊಂಚಲು ಝಣ್ ಎಂದರೆ ಸಾಕು, ಮೂರನೇ ಮಹಡಿಯಲ್ಲಿ ಅವನು ಚಹಾಕ್ಕೆ ನೀರಿಡುತ್ತಿದ್ದ. ಅವಳು ಒಳಗೆ ಬರುವಷ್ಟರಲ್ಲಿ ನೀರು ಕುದಿಯುತ್ತಿತ್ತು.

ಈ ಸಲದ ಚಿತ್ರದ ನಿರ್ದೇಶಕಿ ಕಡೆಯ ದೃಶ್ಯ ನೋಡಿ ಕಿವಿ ಮುಚ್ಚಿಕೊಂಡಳು.

“ಸರ್, ನಾಯಕಿ ಬೀಗ ತೆಗೀತಿದ್ದಾಳೋ, ಸರಪಳಿ ಎಳ್ಕೊಂಡು ಬರ್ತಿದ್ದಾಳೋ?”

ಎಲ್ಲರೂ ನಕ್ಕರು. ಅವನೂ ನಕ್ಕ, ಆದರೆ ಕಣ್ಣು ಸದ್ದಿನ ಮಟ್ಟ ತೋರಿಸುವ ಮುಳ್ಳಿನ ಮೇಲಿತ್ತು. ತನಗೆ ಕೇಳಿಸುವವರೆಗೆ ಆ ಸದ್ದನ್ನು ಏರಿಸುತ್ತಲೇ ಹೋಗಿದ್ದ. ಹಾಗಾದರೆ ಇಷ್ಟು ದಿನದ ಅನುಮಾನ ನಿಜ, ಸಣ್ಣ, ಚೂಪು ಸದ್ದುಗಳು ಅವನ ಕಿವಿ ಬಿಟ್ಟು ಹೋಗಿವೆ. ಕಿವಿ ಹೋದ ಕಿವಿರಾಯನನ್ನು ಇನ್ನು ಯಾರು ಕೆಲಸಕ್ಕೆ ಕರೆಯುತ್ತಾರೆ? ನಾಳೆ ಸರಿಮಾಡುತ್ತೇನೆಂದು ಹೇಳಿ ಮನೆಗೆ ಬಂದ.

ಸಂಜೆ ತಲೆಯೆತ್ತಿದರೆ ಹೆಂಡತಿ ಎದುರಿಗೇ ನಿಂತಿದ್ದಳು.

“ಯಾವಾಗ ಬಂದೆ? ನನಗೆ ಸ್ವಲ್ಪ ಶೀತ, ಕಿವಿ ಕಟ್ಟಿದೆ...”

“ನನ್ನ ಹತ್ರ ಕಥೆ ಕಟ್ಬೇಡಿ. ಆರು ತಿಂಗಳಿಂದ ನಾನು ಬಂದಾಗ ನೀರು ಕುದೀತಾ ಇರಲ್ಲ.”

“ಗೊತ್ತಿದ್ದೂ ಯಾಕೆ ಸುಮ್ನಿದ್ದೆ?”

“ನಿಮಗೆ ಹೇಳೋಕೆ ಭಯ, ನನಗೆ ಕೇಳೋಕೆ ಭಯ. ಇಬ್ರೂ ಸರಿಯಾಗಿದ್ದೀವಿ.”

ಅವನಿಗೆ ಅಳು ತಡೆಯಲಾಗಲಿಲ್ಲ. ಅವಳು ಪಕ್ಕದಲ್ಲಿ ಕೂತು ಬೆನ್ನು ಸವರಿದಳು. ಅಂದು ಚಹಾ ಅವಳೇ ಮಾಡಿದಳು, ಸಕ್ಕರೆ ಮರೆತಳು.

ಮರುದಿನ ರಜೆ ಹಾಕಿ ಅವನ ಜೊತೆಗೇ ಸ್ಟುಡಿಯೋಗೆ ಹೋದಳು. ಅವನು ಇದ್ದದ್ದನ್ನು ಇದ್ದಹಾಗೆ ಹೇಳಿಬಿಟ್ಟ. ನಿರ್ದೇಶಕಿ ಇನ್ನೊಂದು ಕುರ್ಚಿ ಎಳೆದು ಅವನ ಪಕ್ಕಕ್ಕೆ ಹಾಕಿದಳು. ಸಿನಿಮಾ ಶುರುವಾದರೆ ಗೊರಕೆ ಹೊಡೆಯುವ ಹೆಂಡತಿ ಅಂದು ಕಣ್ಣು ಮಿಟುಕಿಸಲಿಲ್ಲ. ಅವನು ಗೊಂಚಲಿನ ಸದ್ದು ಇಳಿಸುತ್ತಾ ಬಂದ.

“ಇನ್ನೂ ಕಮ್ಮಿ. ಇನ್ನೂ ಸ್ವಲ್ಪ. ಹಾಂ, ಸಾಕು. ಈಗ ನಾನೇ ಮನೆಗೆ ಬಂದ ಹಾಗಿದೆ.”

ಅವನಿಗೆ ಆ ಸದ್ದು ಒಂದಿಷ್ಟೂ ಕೇಳಿಸುತ್ತಿರಲಿಲ್ಲ. ಅವಳ ಮಾತು ನಂಬಿ ಅಲ್ಲಿಗೇ ಬಿಟ್ಟ. ನಿರ್ದೇಶಕಿ ಮೆಲ್ಲಗೆ ಕಣ್ಣೊರೆಸಿಕೊಂಡು, ಮುಂದಿನ ಚಿತ್ರಕ್ಕೂ ಇಬ್ಬರೂ ಬರಬೇಕು ಎಂದಳು.

ಅದರ ಮರುದಿನ ಸಂಜೆ ಮೆಟ್ಟಿಲ ಕಡೆಯಿಂದ ಧಡ್ ಧಡ್ ಎಂದು ದಪ್ಪ ಸದ್ದು ಬಂತು. ಅಂಥದ್ದು ಅವನಿಗೆ ಈಗಲೂ ಚೆನ್ನಾಗಿ ಕೇಳಿಸುತ್ತದೆ. ಹೆಂಡತಿ ಒಂದೊಂದು ಮೆಟ್ಟಿಲನ್ನೂ ತುಳಿದು ತುಳಿದು ಹತ್ತುತ್ತಿದ್ದಳು. ಕೆಳಮನೆಯವರು ಗಾಬರಿಯಿಂದ ಇಣುಕಿ, ಏನಾಯ್ತಮ್ಮಾ ಎಂದು ಕೇಳಿದರಂತೆ.

“ಏನಿಲ್ಲ, ಚಹಾಕ್ಕೆ ನೀರಿಡೋಕೆ ಹೇಳ್ತಿದ್ದೀನಿ.”

ಮೇಲೆ ಅವನು ಆಗಲೇ ಒಲೆ ಹಚ್ಚಿದ್ದ.