ಉಪದೇಶಿ ತಾತ ತಡೆದ ಬಟ್ಟಲು

ಹುಣಸೆಹಣ್ಣು ನೆನೆಸಿ, ಬೂದಿ ಬೆರೆಸಿ ಹಿತ್ತಾಳೆ ಉಜ್ಜುವಾಗ ಒಂದು ಹುಳಿ ವಾಸನೆ ಏಳುತ್ತದೆ. ಆ ವಾಸನೆ ಬಂದರೆ ಸಾಕು, ಉಪದೇಶಿ ತಾತ ನನ್ನ ಅಡುಗೆಮನೆಯೊಳಗೆ ಬಂದು ನಿಂತುಬಿಡುತ್ತಾರೆ. ಗ್ಯಾಸ್ ಒಲೆಯ ಮನೆಗೆ ಬೂದಿ ಎಲ್ಲಿಂದ ಬರಬೇಕು? ಬೀದಿ ತುದಿಯ ಹೋಟೆಲಿನವರು ಸೌದೆ ಒಲೆಯದ್ದನ್ನು ಒಂದು ಕವರಿನಲ್ಲಿ ತುಂಬಿ ಕೊಡುತ್ತಾರೆ. ಇವತ್ತು ಶನಿವಾರ. ನಾಳೆಯ ಆರಾಧನೆಗೆ ಚರ್ಚಿನ ಶಿಲುಬೆ, ದೀಪದ ಕಂಬ, ಕಾಣಿಕೆ ತಟ್ಟೆ ಎಲ್ಲ ಉಜ್ಜುತ್ತಾ ಕೂತಿದ್ದೇನೆ. ನಮ್ಮ ತುಮಕೂರಿನ ಸಭೆಯಲ್ಲಿ ಈ ಕೆಲಸ ಆಗ ತಾತನದ್ದಾಗಿತ್ತು. ಈಗ ನನ್ನದು.

ಅವರು ಗುಬ್ಬಿಯ ಕಡೆಯವರು. ದೀಕ್ಷೆ ಪಡೆದ ಪಾದ್ರಿಯಲ್ಲ, ಬರೀ ಉಪದೇಶಿ. ಮಕ್ಕಳಿಗೆ ಪಾಠ ಹೇಳುವುದು, ಕಾಯಿಲೆಯವರ ಮನೆಗೆ ಹೋಗಿ ಪ್ರಾರ್ಥಿಸುವುದು, ಯೇಸುವಿನ ನೆನಪಿಗೆ ರೊಟ್ಟಿ, ದ್ರಾಕ್ಷಾರಸ ಹಂಚುವ ಕರ್ತನ ಭೋಜನದ ದಿನ ಪಾದ್ರಿ ಅಯ್ಯನವರ ಹಿಂದೆ ದ್ರಾಕ್ಷಾರಸದ ಬಟ್ಟಲು ಹಿಡಿದು ನಡೆಯುವುದು. ಮಿಷನ್ ಕಾಂಪೌಂಡಿನಲ್ಲಿ ಅವರಿಗೊಂದು ಮನೆ, ಪಕ್ಕದಲ್ಲಿ ನಮ್ಮದು. ನಮ್ಮಪ್ಪ ಚರ್ಚಿನ ಗಂಟೆ ಬಾರಿಸುತ್ತಿದ್ದರು.

ತಾತ ಎಲ್ಲ ಹಿತ್ತಾಳೆಯನ್ನೂ ಮುಖ ಕಾಣುವಂತೆ ಉಜ್ಜುತ್ತಿದ್ದರು, ಒಂದನ್ನು ಬಿಟ್ಟು. ಚರ್ಚಿನ ಎಡಗೋಡೆಯ ಮೇಲೆ ಒಂದು ಫಲಕವಿತ್ತು. ಯಾವನೋ ಇಂಗ್ಲಿಷ್ ದಂಡಿನ ಅಧಿಕಾರಿ ಯುದ್ಧದಲ್ಲಿ ಸತ್ತನಂತೆ, ಅವನ ನೆನಪಿಗೆ ಹಾಕಿಸಿದ್ದು. ಅದರ ಮೇಲೆ ಹಸಿರು ಕಿಲುಬು ಏರಿ ಅಕ್ಷರವೇ ಕಾಣುತ್ತಿರಲಿಲ್ಲ. ಯಾಕೆ ತಾತ ಅದನ್ನು ಉಜ್ಜಲ್ಲ ಎಂದು ನಾವು ಕೇಳಿದರೆ, ಕತ್ತಿ ಹಿಡಿದವನ ಹೆಸರನ್ನು ಕರ್ತನ ಮನೆಯಲ್ಲಿ ಹೊಳೆಯಿಸುವುದಕ್ಕೆ ತಮಗೆ ಕೈ ಬರುವುದಿಲ್ಲ ಎನ್ನುತ್ತಿದ್ದರು.

ಅವರ ಪಾಠವೂ ಹಾಗೇ. ಮೊದಮೊದಲಿನ ವಿಶ್ವಾಸಿಗಳಲ್ಲಿ ದಂಡು ಸೇರಲು ಒಪ್ಪದೆ ಪ್ರಾಣ ಕೊಟ್ಟವರಿದ್ದರು, ಆಮೇಲೆ ರೋಮಿನ ಚಕ್ರವರ್ತಿಯೊಬ್ಬ ನಮ್ಮ ಕಡೆ ಬಂದ, ಸಿಪಾಯಿಗಳ ಗುರಾಣಿಯ ಮೇಲೆ ನಮ್ಮ ಕರ್ತನ ಗುರುತು ಬರೆಸಿದ ಎಂದು ಹೇಳುತ್ತಿದ್ದರು. ಅಲ್ಲಿಯವರೆಗೆ ಒದೆ ತಿನ್ನುತ್ತಿದ್ದವರು ಅಲ್ಲಿಂದಾಚೆಗೆ ಒದೆಯುವುದನ್ನು ಕಲಿತರಂತೆ. ಒಂದು ಸಲ ನಮ್ಮನ್ನೆಲ್ಲ ಬಸ್ಸಿನಲ್ಲಿ ಕುಣಿಗಲ್ ಕಡೆಯ ಹುತ್ರಿದುರ್ಗಕ್ಕೆ ಕರೆದುಕೊಂಡು ಹೋಗಿದ್ದರು. ಬಂಡೆಯ ಮೇಲೆ ಕೂತು ಚಿತ್ರಾನ್ನ ತಿನ್ನುತ್ತಿದ್ದೆವು. ಇಂಗ್ಲಿಷ್ ಕಂಪನಿಯ ಪಡೆ ಈ ಬೆಟ್ಟ ಹತ್ತಿ ಕೋಟೆ ಹಿಡಿಯಿತು, ಹತ್ತಿದವರ ಚೀಲದಲ್ಲೂ ಇದೇ ಸತ್ಯವೇದ ಇದ್ದಿರಬೇಕು ಎಂದು ತಮ್ಮ ಕೈಲಿದ್ದ ಬೈಬಲ್ ತೋರಿಸಿದರು. ನಮಗೆ ಚಿತ್ರಾನ್ನದ ಕಡಲೆಕಾಯಿ ಬೀಜದ ಮೇಲಷ್ಟೇ ಗಮನ…

ನಮ್ಮಲ್ಲೊಂದು ಪದ್ಧತಿಯಿತ್ತು. ಕರ್ತನ ಭೋಜನ ತಿಂಗಳ ಮೊದಲ ಭಾನುವಾರ. ಅದರ ಹಿಂದಿನ ದಿನ ಸಂಜೆ ಸಿದ್ಧತೆಯ ಕೂಟ. ಜಗಳವಾಡಿಕೊಂಡವರು ಅಲ್ಲಿ ಎದುರುಬದುರು ನಿಂತು, ಕೈ ಹಿಡಿದು, 'ಸಮಾಧಾನ' ಎನ್ನಬೇಕು. ಅನ್ನದವರು ಮಾರನೆಯ ದಿನ ಪೀಠದ ಕಂಬಿಯ ಮುಂದೆ ಮೊಣಕಾಲೂರುವಂತಿಲ್ಲ. ನಲ್ಲಿ ನೀರಿಗೆ ಜುಟ್ಟು ಹಿಡಿದುಕೊಂಡ ಹೆಂಗಸರು ಮುಖ ಊದಿಸಿಕೊಂಡೇ ಕೈ ಕೊಟ್ಟು ಹೋಗುತ್ತಿದ್ದರು. ನಮಗೆ ಅದೊಂದು ತಮಾಷೆ.

ನನಗೆ ಇಪ್ಪತ್ತು ವರ್ಷವಾದಾಗ ಸಭೆಯ ಕಮಿಟಿಗೆ ಹೊಸ ಕಾರ್ಯದರ್ಶಿ ಬಂದ. ಕಾಂಪೌಂಡಿನ ರಸ್ತೆ ಬದಿಯ ಮನೆಗಳನ್ನು ಕೆಡವಿ ಅಂಗಡಿ ಸಾಲು ಕಟ್ಟಿಸಬೇಕೆಂದು ಅವನ ಆಸೆ. ಮೊದಲ ಮನೆ ನಮ್ಮದು. ಅಪ್ಪ ಬಿಡುವುದಿಲ್ಲ ಎಂದರು, ಸಭೆಯಲ್ಲಿ ಅರ್ಧ ಜನ ಅಪ್ಪನ ಹಿಂದೆ ನಿಂತರು. ಅವನು ಏನು ಮಾಡಿದ ಗೊತ್ತೇ? ಭಾನುವಾರ ಚರ್ಚಿನೊಳಗೆ ಗಲಾಟೆಯಾಗಲಿದೆ ಎಂದು ಠಾಣೆಗೆ ಅರ್ಜಿ ಬರೆದುಕೊಟ್ಟ. ಆರಾಧನೆಯ ನಡುವೆ, ಕೀರ್ತನೆ ಹಾಡುತ್ತಿದ್ದಾಗ, ಬೂಟು ಹಾಕಿಕೊಂಡು ಪೊಲೀಸರು ಒಳಗೆ ಬಂದರು. ಅಪ್ಪ ಕಂಬಿ ಹಿಡಿದು ನಿಂತರು. ಕಾರ್ಯದರ್ಶಿ ಬೆರಳು ತೋರಿಸಿದ. ಲಾಠಿ ಬಿದ್ದಿದ್ದು ಬಲಗೈ ಮಣಿಕಟ್ಟಿನ ಮೇಲೆ. ಆ ಕೈ ಮತ್ತೆ ಗಂಟೆಯ ಹಗ್ಗ ಎಳೆಯಲಿಲ್ಲ.

ಬೆರಳು ತೋರಿಸಿದ್ದನ್ನು ಹತ್ತಿರದಿಂದ ಕಂಡವರು ಒಬ್ಬರೇ, ಪೀಠದ ಪಕ್ಕ ನಿಂತಿದ್ದ ಉಪದೇಶಿ ತಾತ. ಉಳಿದವರು ಒಂದೋ ಓಡಿದ್ದರು, ಇಲ್ಲಾ ಕಾರ್ಯದರ್ಶಿಯ ಕಡೆಯವರು. ನಮ್ಮ ವಕೀಲರು ಬರೆದುಕೊಟ್ಟ ಹೇಳಿಕೆ ಹಿಡಿದುಕೊಂಡು ನಾನೇ ತಾತನ ಮನೆಗೆ ಹೋದೆ. ಒಂದು ಸಹಿ ಬೇಕಿತ್ತು, ಕೋರ್ಟಿನಲ್ಲಿ ನಾಲ್ಕು ಮಾತು ಬೇಕಿತ್ತು. ತಾತ ಕನ್ನಡಕ ಹಾಕಿಕೊಂಡು ಪೂರ್ತಿ ಓದಿದರು. ಬರೆದಿರುವುದೆಲ್ಲ ನಿಜ ಎಂದರು. ಆಮೇಲೆ ಕಾಗದವನ್ನು ನೀಟಾಗಿ ಮಡಚಿ ನನ್ನ ಕೈಗೇ ಕೊಟ್ಟರು.

"ಅವ್ನು ಪೊಲೀಸ್‌ನೋರ್ನ ಕರೆದ ಅಂತ ತಾನೆ ನಮ್ಗೆ ಉರೀತಿರೋದು? ಈಗ ನಾವೂ ಅಲ್ಗೇ ಹೋಗಿ, ಅವನ್ಗೂ ಹಾಕಿ ಅನ್ನೋದಾ?"

"ಇದು ಕೋರ್ಟು ತಾತ, ಲಾಠಿ ಅಲ್ಲ," ಎಂದೆ.

"ಕೋರ್ಟಿನ ಹಿಂದೆ ನಿಂತಿರೋದೂ ಲಾಠಿನೇ ಕಣವ್ವ. ಅವನ ಮಕದ ಮೇಲೆ ನಾನೇ ಹೇಳ್ತೀನಿ, ಬುಡು."

ಅವರ ಬಾಗಿಲಲ್ಲಿ ನಿಂತು ನಾನು ಅಂದ ಮಾತನ್ನು ಇಲ್ಲಿ ಬರೆಯಲಾರೆ. ಸಾಕ್ಷಿಯಿಲ್ಲದೆ ಕೇಸು ಬಿದ್ದುಹೋಯಿತು. ಮನೆಯೂ ಬಿತ್ತು. ನಾವು ಅಂತರಸನಹಳ್ಳಿಯಲ್ಲಿ ಒಂದು ಬಾಡಿಗೆ ಕೋಣೆಗೆ ಹೋದೆವು, ನಾನು ಅಲ್ಲೇ ಒಂದು ಫ್ಯಾಕ್ಟರಿಗೆ ಸೇರಿದೆ. ಅಪ್ಪ ಎಡಗೈಯಲ್ಲಿ ಅನ್ನ ಕಲಸುವುದನ್ನು ನೋಡಿದಾಗಲೆಲ್ಲ ನನಗೆ ಕಾರ್ಯದರ್ಶಿಗಿಂತ ತಾತನ ಮೇಲೇ ಹೆಚ್ಚು ಸಿಟ್ಟು ಬರುತ್ತಿತ್ತು. ಕೈ ಮುರಿದದ್ದು ನಮ್ಮಪ್ಪನದು. ಒಳ್ಳೆಯತನ ಇವರದ್ದು. ಇವತ್ತಿಗೂ ಹೇಳುತ್ತೇನೆ, ತಾತ ಅವತ್ತು ಸಹಿ ಹಾಕಬೇಕಿತ್ತು.

ಹಾಗಂತ ಅವರು ಸುಮ್ಮನೆ ಕೂರಲಿಲ್ಲ. ಲಾಠಿ ಬಿದ್ದ ಮುಂದಿನ ತಿಂಗಳ ಸಿದ್ಧತೆಯ ಕೂಟಕ್ಕೆ ಕಾರ್ಯದರ್ಶಿ ಬರಲೇ ಇಲ್ಲ. ಭಾನುವಾರ ಮಾತ್ರ ಇಸ್ತ್ರಿ ಅಂಗಿ ಹಾಕಿಕೊಂಡು ಬಂದು ಕಂಬಿಯ ಮುಂದೆ ಮೊಣಕಾಲೂರಿದ. ಅಯ್ಯನವರು ರೊಟ್ಟಿ ಕೊಟ್ಟರು. ಹಿಂದೆ ಬಂದ ತಾತ ಬಟ್ಟಲನ್ನು ಎದೆಗೆ ಒತ್ತಿಕೊಂಡು ನಿಂತುಬಿಟ್ಟರು.

"ಮೊದ್ಲು ಹೋಗಿ ಆ ಗಂಟೆಯವನ ಕೈ ಹಿಡ್ಕೊಂಡು ಬಾ," ಎಂದರು, ಇಡೀ ಸಭೆಗೆ ಕೇಳುವ ಹಾಗೆ. "ಅಲ್ಲೀಗಂಟ ಇದು ನಿಂಗೆ ಇಲ್ಲ."

ತಾತನ ಕಣ್ಣಲ್ಲಿ ನೀರು ಸುರಿಯುತ್ತಿತ್ತು. ಕಾರ್ಯದರ್ಶಿ ಎದ್ದು ಹೊರಗೆ ಹೋದ. ಅದೇ ವಾರ ಕಮಿಟಿ ತಾತನನ್ನು ಕೆಲಸದಿಂದ ತೆಗೆಯಿತು, ಅವರ ಮನೆಯೂ ಹೋಯಿತು. ಒಂದು ಟ್ರಂಕು, ಒಂದು ಹಾಸಿಗೆ ಸುರುಳಿ ತೆಗೆದುಕೊಂಡು ಗುಬ್ಬಿಗೆ ಹೊರಟುಹೋದರು. ನಾನು ಬಸ್ ಸ್ಟ್ಯಾಂಡಿಗೂ ಹೋಗಲಿಲ್ಲ. ಬಟ್ಟಲು ತಪ್ಪಿದರೆ ಯಾವನ ಮೂಳೆ ಮುರಿಯುತ್ತದೆ ಎಂದು ಅಪ್ಪನ ಹತ್ತಿರ ಅಣಕಿಸಿದ್ದೆ. ನಾಲ್ಕು ವರ್ಷಕ್ಕೆ ಅಪ್ಪ ಹೋದರು. ಆಮೇಲೆ ಯಾವಾಗಲೋ ತಾತನೂ ಹೋದರೆಂದು ಕೇಳಿದೆ. ಅವರ ಮಣ್ಣಿಗೂ ನಾನು ಹೋಗಲಿಲ್ಲ.

ವರ್ಷಗಳು ಕಳೆದವು. ಹಳೆಯ ಕಮಿಟಿ ಹೋಯಿತು, ನಾನು ಸಭೆಗೆ ಮರಳಿದೆ, ಬಟ್ಟಲು ಹಿಡಿಯುವ ಸೇವೆ ನನ್ನ ಪಾಲಿಗೆ ಬಂತು. ಅದನ್ನು ನಾನು ಭಕ್ತಿಯಿಂದ ಒಪ್ಪಿಕೊಂಡೆ ಎಂದರೆ ಸುಳ್ಳಾಗುತ್ತದೆ. ಒಂದಲ್ಲ ಒಂದು ದಿನ ಆ ಹಳೆಯ ಕಾರ್ಯದರ್ಶಿ ನನ್ನ ಮುಂದೆ ಮೊಣಕಾಲೂರುತ್ತಾನೆ ಎಂದು ಕಾದಿದ್ದೆ.

ಅವನು ಮೊಣಕಾಲೂರುವ ಸ್ಥಿತಿಯಲ್ಲಿರಲಿಲ್ಲ. ಹಾಸಿಗೆ ಹಿಡಿದಿದ್ದ. ಹೋದ ಭಾನುವಾರ ಮನೆಗೇ ಕರ್ತನ ಭೋಜನ ತರಬೇಕೆಂದು ಅವನ ಕಡೆಯವರು ಹೇಳಿ ಕಳಿಸಿದ್ದರು. ಈಗಿನ ಅಯ್ಯನವರು ಹೊಸಬರು, ಹಳೆಯದೇನೂ ಗೊತ್ತಿಲ್ಲ. ಅವರು ರೊಟ್ಟಿ ಮುರಿದು ಅವನ ಬಾಯಿಗಿಟ್ಟರು. ನಾನು ಚಿಕ್ಕ ಬಟ್ಟಲು ಹಿಡಿದು ಮುಂದೆ ಬಂದೆ, ಅವನ ತುಟಿಯ ಹತ್ತಿರ ತಂದೆ, ಹಿಂದಕ್ಕೆ ತೆಗೆದುಕೊಂಡೆ. ನಾನು ಗಂಟೆಯವರ ಮಗಳು, ಅಪ್ಪನಿಗೆ ಮಾಡಿದ್ದು ತಪ್ಪಾಯಿತು ಅನ್ನಿ, ಆಮೇಲೆ ಕೊಡುತ್ತೇನೆ ಎಂದೆ. ಅಯ್ಯನವರು ಗಾಬರಿಯಾಗಿ ನನ್ನ ಮುಖ ನೋಡಿದರು. ಅವನು ನೆನಪು ತಡಕಾಡುವವನಂತೆ ಹುಬ್ಬು ಗಂಟಿಕ್ಕಿದ.

"ಯಾವ ಗಂಟೆಯವ್ನು?" ಎಂದ.

ಬೇಕೆಂದು ಅಂದನೋ, ನಿಜಕ್ಕೂ ಮರೆತಿದ್ದನೋ… ನಾನು ಬಟ್ಟಲಿಗೆ ಬಟ್ಟೆ ಮುಚ್ಚಿ ಹೊರಗೆ ಬಂದೆ. ನನ್ನ ಕಣ್ಣಲ್ಲಿ ನೀರು ಇರಲಿಲ್ಲ. ಖುಷಿಯಾಗಿತ್ತು. ಮನೆಗೆ ಬಂದು ಕೋಳಿ ಸಾರು ಮಾಡಿ ಹೊಟ್ಟೆ ತುಂಬ ಉಂಡೆ.

ಬುಧವಾರ ಅವನು ಸತ್ತ. ಗುರುವಾರ ಮಣ್ಣಿಗೆ ಹೋದೆ, ಪೆಟ್ಟಿಗೆ ಇಳಿಯುವುದನ್ನು ಕಣ್ಣಾರೆ ನೋಡಬೇಕಿತ್ತು. ಎಲ್ಲರೂ ಚದುರಿದ ಮೇಲೆ ಅವನ ಹೆಂಡತಿ ನನ್ನ ಪಕ್ಕ ಬಂದು ನಿಂತರು. ಬೈಯುತ್ತಾರೆ ಎಂದುಕೊಂಡೆ. ಅವರು ಬೈಯಲಿಲ್ಲ.

"ಆ ಉಪದೇಶಿ ತಾತನೂ ನಿನ್ನಂಗೇ ಬಟ್ಟಲು ತಡೆದ್ರಲ್ಲಮ್ಮ," ಎಂದರು. "ಆದ್ರೆ ಅವ್ರು ತಿಂಗ್ಳು ತಿಂಗ್ಳೂ ಗುಬ್ಬಿಯಿಂದ ಬಸ್ಸತ್ಕೊಂಡು ಬರೋರು. ಸಿದ್ಧತೆ ಕೂಟದ ದಿನ ನಮ್ಮ ಗೇಟ್ ಹತ್ರ ನಿಂತ್ಕೊಂಡು, ಬಾರಪ್ಪ, ಗಂಟೆಯವನ ಮನೆಗೆ ನಾನೂ ಜೊತೇಲಿ ಬರ್ತೀನಿ ಅನ್ನೋರು. ನಿಮ್ಮಪ್ಪ ಹೋದ್ಮೇಲೂ ಬಂದ್ರು, ಅವನ ಮಗಳಿದಾಳೆ, ಅವಳ ಹತ್ರ ಹೋಗಾಣ ಅಂತ. ಇವ್ರು ಒಂದಿನಾನೂ ಗೇಟು ತೆಗೀಲಿಲ್ಲ."

ಎಷ್ಟು ವರ್ಷ ಬಂದರು ಎಂದು ಕೇಳಿದೆ. ಕಾಲು ನಡೆಯುವವರೆಗೆ ಬಂದರು ಎಂದರು.

ಇದನ್ನೆಲ್ಲ ತಾತ ನಮಗೆ ಹೇಳಲಿಲ್ಲ. ಹೇಳಲು ಬಂದಿದ್ದರೂ ನಾನು ಬಾಗಿಲು ತೆಗೆಯುತ್ತಿರಲಿಲ್ಲ. ಸತ್ತವನ ಮೇಲೆ ನನಗೆ ಇವತ್ತೂ ಕನಿಕರವಿಲ್ಲ, ಅಪ್ಪನ ಕೈ ನೆನಪಾದರೆ ಈಗಲೂ ಹಲ್ಲು ಕಚ್ಚುತ್ತೇನೆ. ತಾತ ಬದುಕಿದ್ದರೆ ಅವರ ಜೊತೆ ಇನ್ನೊಂದು ಸಲ ಜಗಳವಾಡಬಹುದಿತ್ತು. ಕೊನೆಗೆ ಅವರೇ ಕೈ ಚಾಚುತ್ತಿದ್ದರೇನೋ…

ಹಿತ್ತಾಳೆಯೆಲ್ಲ ಹೊಳೆಯುತ್ತಿದೆ. ಗೋಡೆಯ ಆ ಫಲಕವನ್ನು ನಾನೂ ಉಜ್ಜುವುದಿಲ್ಲ, ಅದು ಹಸಿರಾಗಿಯೇ ಇದೆ. ಅಷ್ಟರ ಮಟ್ಟಿಗೆ ತಾತನ ಶಿಷ್ಯೆ ಎಂದು ಇಷ್ಟು ದಿನ ಬೀಗುತ್ತಿದ್ದೆ. ಭಾನುವಾರ ಬಟ್ಟಲು ತಡೆದು ಬಂದವಳಿಗೆ ಸೋಮವಾರವಿತ್ತು, ಮಂಗಳವಾರವಿತ್ತು. ಅವನ ಮನೆ ನನ್ನ ಮನೆಯಿಂದ ಎರಡೇ ಬೀದಿ ಆಚೆ. ಅವನು ಬದುಕಿದ್ದ ಆ ಎರಡು ದಿನ ನಾನು ಆ ಗೇಟಿನ ಹತ್ತಿರ ಹೋಗಲಿಲ್ಲ.